ಮುತ್ಯಾನ ಪೆಟಗಿ

26 ಡಿಸೆಂಬರ್ 2019, ಗುರುವಾರ
ಕಿಣ್ಣಿ ಸುಲ್ತಾನ

ಈ ಸಲ ಎಳ್ಳಮಾಸಿಗೆ ಗ್ರಹಣ ಅಡ್ಡ ಬಂತು. ಹೊಲಕ್ಕೆ ಚರಗ ಚೆಲ್ಲಲು ನಿನ್ನೆ ಹೋಗುವುದೋ ಇವತ್ತೋ ಎಂದು ಓಣಿಯಲ್ಲೆಲ್ಲ ಅದೇ ಮಾತು. ನಾವು ನಿನ್ನೆಯೇ ಮುಗಿಸಿದೆವು. ಉಳಿದ ಭಜ್ಜಿ, ಸಜ್ಜಿ ಕಡಬು ಮುಂಜಾನೆಯಿಂದ ಮುಚ್ಚಿಟ್ಟೇ ಇತ್ತು. ಗ್ರಹಣ ಬಿಡುವ ತನಕ ವೈನಿ ಯಾರಿಗೂ ಮುಟ್ಟಗೊಡಲಿಲ್ಲ.

ಮಧ್ಯಾಹ್ನ ಟಿ.ವಿ. ಹಚ್ಚಿದರೆ ತಾಜಸುಲ್ತಾನಪುರದ ಸುದ್ದಿ. ಕಲಬುರಗಿಯ ಮಗ್ಗುಲಿನ ಊರು. ಗ್ರಹಣ ಹಿಡಿದ ಹೊತ್ತಿನಲ್ಲಿ ಅಂಗವಿಕಲ ಮಕ್ಕಳನ್ನು ಕುತ್ತಿಗೆಯ ತನಕ ಮಣ್ಣಿನಲ್ಲಿ ಹೂತಿದ್ದಾರೆ. ಹಾಗೆ ಹೂತರೆ ಕೈಕಾಲಿಗೆ ಬಲ ಬರುತ್ತದಂತೆ. ನೆಲದ ಮೇಲೆ ಬರೀ ತಲೆಗಳು. ಅಣ್ಣ, “ಬಂದ್ ಮಾಡವ್ವಾ, ನೋಡಕ್ಕಾಗವಲ್ದು” ಎಂದ. ನಾನು ಬಂದ್ ಮಾಡಲಿಲ್ಲ. ಆ ತಾಯಂದಿರ ಮುಖ ನೋಡಬೇಕಾಗಿತ್ತು ನನಗೆ. ಹಡೆದ ಕೂಸನ್ನು ತಾನೇ ಮಣ್ಣಿಗಿಳಿಸುವ ತಾಯಿ ಅದಕ್ಕೆ ಮೊದಲು ಎಷ್ಟು ಬಾಗಿಲು ತಟ್ಟಿ ಬಂದಿರಬೇಕು.

ಸಂಜೆ ನಮ್ಮ ಬಾಗಿಲಿಗೂ ಮೂವರು ಬಂದರು. “ಅಯ್ಯನೋರ ಮನಿ ಇಬತ್ತಿ ಒಂದು ಚಿಟಿಕಿ ಕೊಡ್ರಿ, ಗ್ರಾಣದಾಗ ಕೂಸು ಬೆಚ್ಚ್ಯಾದ.” ಮುತ್ಯಾ ತೀರಿಕೊಂಡದ್ದು 1988ರಲ್ಲಿ. ಆಮೇಲೆ ಈ ಮನೆಯಲ್ಲಿ ಯಾರೂ ತಾಯತ ಬರೆದಿಲ್ಲ. ಆದರೂ ಬರುತ್ತಾರೆ. ವೈನಿ ಕೊಟ್ಟು ಕಳಿಸಿದಳು. ನಾನು ಒಳಗೇ ಕೂತಿದ್ದೆ.

29 ಡಿಸೆಂಬರ್, ರವಿವಾರ

ಮುತ್ಯಾನ ತಗಡಿನ ಪೆಟಗಿ ಇವತ್ತು ಇಳಿಸಿದೆ. ದೇವರಕೋಣೆಯಲ್ಲಿ ಬಸವಣ್ಣನ ಪಟದ ಕೆಳಗಿನ ಗೂಡಿನಲ್ಲಿ ಅದು ನನಗೆ ಬುದ್ಧಿ ಬಂದಾಗಿನಿಂದ ಇದೆ.

ಹೆಬ್ಬೆರಳಿನಗಲ ಕತ್ತರಿಸಿದ ತಾಮ್ರದ ತಗಡುಗಳು, ಹದಿನಾಲ್ಕು. ಕಟ್ಟಿಗೆಯ ಹಿಡಿಕೆಗೆ ಬಡಿದ ಕಬ್ಬಿಣದ ಮೊಳೆ. ಹಿಡಿಕೆ ಮುತ್ಯಾನ ಬೆರಳಿಗೆ ಸವೆದು ಒಂದು ಕಡೆ ತಗ್ಗಾಗಿದೆ. ಕರಿದಾರದ ಉಂಡೆ. ತಾಯತದ ಬಾಯಿ ಮುಚ್ಚುವ ಅರಗು. ಹಳೆಯ ಧೋತರದ ಚೂರಿನಲ್ಲಿ ಕಟ್ಟಿದ ಇಬತ್ತಿ ಗಟ್ಟಿ. ಒಂದು ತಗಡಿನ ಮೇಲೆ ಒಂಬತ್ತು ಮನೆ ಗೀರಿ ಐದು ಮನೆ ತುಂಬಿದ್ದಾನೆ, ನಮಃ ಶಿವಾಯ. ಉಳಿದ ನಾಲ್ಕು ಖಾಲಿ. ಯಾರಿಗಾಗಿ ಗೀರುತ್ತಿದ್ದನೋ, ನಡುವೆ ಎದ್ದು ಹೋಗಿದ್ದಾನೆ.

ಎಲ್ಲಕ್ಕಿಂತ ಕೆಳಗೆ ಮೂರು ಲೆಕ್ಕದ ವಹಿ. ಬಂದವರ ಹೆಸರು, ಊರು, ಮುಂದೆ ಅವರ ದುಃಖ ಒಂದೊಂದೇ ಸಾಲಿನಲ್ಲಿ. ಎಮ್ಮಿ ಕರೀಗೊಡವಲ್ದು. ಗಂಡ ಮಾತಾಡವಲ್ಲ. ಕೂಸು ರಾತ್ರಿ ಚೀರತದ. ಮಗ ಮುಂಬಯಿಗಿ ಹೋದಾವ ಕಾಗದ ಇಲ್ಲ. ಕೊನೆಗೆ ಕೊಟ್ಟದ್ದು: ಇಬತ್ತಿ, ದಾರ, ತಗಡು. ಕೆಲವು ಕಡೆ ‘ಕಲಬುರ್ಗಿ ದವಾಖಾನಿಗಿ ಹೇಳೀನಿ’ ಎಂದೂ ಇದೆ. ಈ ಸಾಲು ನನಗೆ ಗೊತ್ತೇ ಇರಲಿಲ್ಲ.

ಮುತ್ಯಾ ಎಂಟನೇ ವಯಸ್ಸಿಗೆ ಮಠಕ್ಕೆ ಮರಿಯಾಗಿ ಹೋದವನು. ಮುಂದೆ ಪಟ್ಟವಾಗುವುದಿತ್ತು. ಇಪ್ಪತ್ತೆರಡಕ್ಕೆ ಮಠದೊಳಗೆ ವ್ಯಾಜ್ಯವೆದ್ದು, ಕಾವಿ ಮಡಿಚಿಟ್ಟು ಊರಿಗೆ ಬಂದು ಮದುವೆಯಾದ. ಮಠ ಬಿಟ್ಟರೂ ಮಂದಿ ಬಿಡಲಿಲ್ಲ. ನೇಗಿಲು ಹಿಡಿದವನ ಕಾಲಿಗೂ ಶರಣಾರ್ಥಿ ಮಾಡಿದರು. ಮಠದಲ್ಲಿದ್ದಿದ್ದರೆ ಗದ್ದುಗೆಯ ಮೇಲಿಂದ ಆಶೀರ್ವಾದ ಮಾಡುತ್ತಿದ್ದ. ಊರಿನಲ್ಲಿ ಕಟ್ಟೆಯ ಮೇಲೆ ಕೂತು ದೆವ್ವ ಬಿಡಿಸಿದ.

ಹುಡುಗಿಯಾಗಿದ್ದಾಗ ಇದರ ಬಗ್ಗೆ ನನಗೆ ನಾಚಿಕೆ, ಸಿಟ್ಟು ಎರಡೂ. ಶಾಲೆಯಲ್ಲಿ ವಚನ ಕಲಿತು ಬಂದು ಮುತ್ಯಾನ ಮುಂದೆ ನಿಂತು ವಾದಿಸಿದ್ದೇನೆ. ಅಂಗೈಯಲ್ಲಿ ಲಿಂಗವಿದ್ದವನಿಗೆ ಬೇರೆ ದೈವದ ಹಂಗಿಲ್ಲ, ಕೆಟ್ಟ ದಿನ ಕೆಟ್ಟ ಗಳಿಗೆ ಇಲ್ಲ ಎಂದರು ಶರಣರು. ಆ ಮಾತು ಹುಟ್ಟಿದ ಕಲ್ಯಾಣ ನಮಗೆ ದೂರವೇನಲ್ಲ. ಆ ಮಾತನ್ನು ಹೊತ್ತು ಊರೂರು ತಿರುಗಬೇಕಾದವನೇ ಜಂಗಮ. ಅವನ ಕೈಗೇ ಎಂಟು ನೂರು ವರ್ಷದ ಮೇಲೆ ಈ ಮೊಳೆ ಹೇಗೆ ಬಂತು?

ಇವತ್ತು ಇಬತ್ತಿ ಗಂಟು ಕೈಯಲ್ಲಿ ಹಿಡಿದಾಗ ಒಂದು ಹೊಳೆಯಿತು. ಗುರು, ಲಿಂಗ, ಜಂಗಮ, ಪಾದೋದಕ, ಪ್ರಸಾದ, ವಿಭೂತಿ, ರುದ್ರಾಕ್ಷಿ, ಮಂತ್ರ: ಇವು ಅಷ್ಟಾವರಣ. ಆವರಣವೆಂದರೆ ಮೈ ಕಾಯುವ ಕವಚ. ಕವಚ ಎಂದಮೇಲೆ, ರಾತ್ರಿಯೆಲ್ಲ ಚೀರುವ ಕೂಸಿನ ತಾಯಿ ಅದನ್ನು ದಾರಕ್ಕೆ ಪೋಣಿಸಿ ಕೊರಳಿಗೆ ಕಟ್ಟು ಎನ್ನದೆ ಇನ್ನೇನು ಅಂದಾಳು? ನಿನ್ನ ಲಿಂಗ ನೀನೇ ಹಿಡಿ ಎಂದು ಶರಣರು ಪ್ರತಿಯೊಬ್ಬರನ್ನೂ ದೊಡ್ಡವರಾಗಿ ಮಾಡಿದರು. ಹಗಲಿನಲ್ಲಿ ಅದು ಸಾಧ್ಯ. ನಡುರಾತ್ರಿ, ಮೈ ಸೆಟೆದ ಮಗುವಿನ ಹತ್ತಿರ ಒಬ್ಬಳೇ ಕೂತಾಗ ಕಷ್ಟ.

3 ಜನವರಿ 2020, ಶುಕ್ರವಾರ

ಕಡಗಂಚಿ ವಿಶ್ವವಿದ್ಯಾಲಯದಲ್ಲಿ ಎಂ.ಎ. ಓದುವ ಅಣ್ಣನ ಮಗ ಬಂದಿದ್ದ. ಪೆಟಗಿ ನೋಡಿ, “ಅತ್ತಿ, ಇಂಥವರು ಇಂಗ್ಲೆಂಡಿನಾಗೂ ಇದ್ರು” ಎಂದು ಒಂದು ದಪ್ಪ ಪುಸ್ತಕದ ಕಥೆ ಹೇಳಿದ. ಕೀತ್ ಥಾಮಸ್ 1971ರಲ್ಲಿ ಬರೆದದ್ದು. ರಾತ್ರಿ ಹನ್ನೊಂದರ ತನಕ ಕೂತು ಕೇಳಿದೆ.

ಎಂಟನೇ ಹೆನ್ರಿ ಅರಸ 1536ರಿಂದ 1540ರೊಳಗೆ ತನ್ನ ರಾಜ್ಯದ ಮಠಗಳನ್ನೆಲ್ಲ, ಎಂಟು ನೂರರಷ್ಟು, ಮುಚ್ಚಿಸಿಬಿಟ್ಟ. ಸಾವಿರಾರು ಸನ್ಯಾಸಿಗಳು ಬೀದಿಗೆ ಬಂದರು. ಅದಕ್ಕೆ ಮುಂಚೆಯೇ, 1528ರ ಸುಮಾರಿಗೆ, ನಾರ್ಫೋಕ್ ಸೀಮೆಯ ವಿಲಿಯಂ ಸ್ಟೇಪಲ್ಟನ್ ಎಂಬ ಸನ್ಯಾಸಿ ಮಠದಿಂದ ಬಿಡುಗಡೆ ಪಡೆಯಲು ಬೇಕಾದ ಹಣಕ್ಕಾಗಿ ಮಂತ್ರದ ಪುಸ್ತಕ ಹಿಡಿದು ಹೂತ ನಿಧಿ ಹುಡುಕಿದ್ದನಂತೆ. ಹಿಂದೆಯೇ ಬಂದ ಸುಧಾರಣೆಯ ಹೊಸ ಕ್ರೈಸ್ತ ಧರ್ಮ ಮಂತ್ರಜಲ ತೆಗೆದುಹಾಕಿತು, ಸಂತರ ಪೂಜೆ ತೆಗೆದುಹಾಕಿತು, ದೆವ್ವ ಬಿಡಿಸುವ ವಿಧಿಯನ್ನೂ ತೆಗೆದುಹಾಕಿತು. ಬಿಷಪ್ಪನ ಅಪ್ಪಣೆ ಇಲ್ಲದೆ ಯಾವ ಪಾದ್ರಿಯೂ ದೆವ್ವ ಬಿಡಿಸಕೂಡದೆಂದು 1604ರಲ್ಲಿ ನಿಯಮ ಮಾಡಿದರು. ಆದರೆ ಜನರ ಜ್ವರ, ಕಳವು, ಕರು ಸಾಯುವುದು, ಮನಸ್ಸು ಕೆಡುವುದು ನಿಂತಿರಲಿಲ್ಲ. ಅವರು ಮಂತ್ರ ಹಾಕುವ, ಮದ್ದು ಕೊಡುವ ಊರಿನ ಜಾಣಗಾರರ ಹತ್ತಿರ ಹೋದರು. ಹಳೆಯ ಲ್ಯಾಟಿನ್ ಪ್ರಾರ್ಥನೆಗಳು ಬಲಿಪೀಠದಿಂದ ಇಳಿದು ಅವರ ಬಾಯಲ್ಲಿ ಮಂತ್ರವಾದವು.

ಕೇಳುತ್ತ ಕೇಳುತ್ತ ನನಗೆ ಮುತ್ಯಾ ಎದುರಿಗೆ ಕೂತಂತಾಯಿತು. ಆದರೂ ಒಂದು ಭೇದವಿದೆ, ಅದನ್ನು ಹುಡುಗನಿಗೂ ಹೇಳಿದೆ. ಅಲ್ಲಿ ಅರಸನ ಆಜ್ಞೆಗೆ ಮಠದ ಬಾಗಿಲು ಮುಚ್ಚಿತು. ನಮ್ಮಲ್ಲಿ ಸುಧಾರಣೆಯ ಮಾತು ಆಡಿದವರ ಹೆಸರಿನಲ್ಲೇ ಮಠಗಳು ಎದ್ದವು, ಅವುಗಳ ಪಡಸಾಲೆಯಲ್ಲೇ ದಾರ ಕಟ್ಟಿಸಿಕೊಳ್ಳುವವರು ಸಾಲು ನಿಂತರು. ಜೇವರ್ಗಿ ಸೀಮೆಯ ಕಡಕೋಳದ ಮಡಿವಾಳಪ್ಪ ತನ್ನ ತತ್ವಪದಗಳಲ್ಲಿ ಡಾಂಭಿಕ ಗುರುಗಳನ್ನು ಬೈದ ಹಾಗೆ ಇನ್ಯಾರೂ ಬೈದಿಲ್ಲ. ಆ ಪದಗಳನ್ನು ಏಕತಾರಿ ಹಿಡಿದು ಬೆಳಗಿನ ತನಕ ಹಾಡಿದವರನ್ನು ನಾನು ಕಂಡಿದ್ದೇನೆ. ಅವರ ರಟ್ಟೆಯಲ್ಲೂ ತಾಯತವಿತ್ತು.

10 ಜನವರಿ, ಶುಕ್ರವಾರ, ಬನದ ಹುಣ್ಣಿವಿ

ದೇವಲ ಗಾಣಗಾಪುರಕ್ಕೆ ಹೋಗಿ ಬಂದೆ. ಹುಣ್ಣಿಮೆಯೆಂದು ಬಸ್ಸಿನಲ್ಲಿ ಕಾಲಿಡಲು ಜಾಗವಿರಲಿಲ್ಲ, ಅರ್ಧಕ್ಕರ್ಧ ಮರಾಠಿ ಮಂದಿ. ಭೀಮಾ-ಅಮರ್ಜಾ ಸಂಗಮದಲ್ಲಿ ಕಾಲು ತೊಳೆದು ಗುಡಿಗೆ ನಡೆದೆ.

ನನಗೆ ನೋಡಬೇಕಾಗಿದ್ದದ್ದು ಮಧ್ಯಾಹ್ನದ ಮಹಾಮಂಗಳಾರತಿ. ಅಲ್ಲಿಯವರೆಗೆ ನನ್ನ ಪಕ್ಕದಲ್ಲಿ ಸುಮ್ಮನೆ ಕೂತಿದ್ದ, ಹಸಿರು ಬಳೆಯ, ಇಪ್ಪತ್ತೈದರ ಒಬ್ಬ ಹೆಣ್ಣುಮಗಳು ನಗಾರಿ ಬಡಿದ ಕೂಡಲೇ ಎದ್ದಳು. ಕೂದಲು ಬಿಚ್ಚಿಕೊಂಡಿತು. ಕಂಬವನ್ನು ತಬ್ಬಿ, ಹಣೆ ತಿಕ್ಕಿ, ಗಂಡಸಿನ ದನಿಯಲ್ಲಿ ಯಾರನ್ನೋ ಬೈದಳು. ಆಚೆ ಕಡೆ ಇನ್ನೊಬ್ಬ ನೆಲಕ್ಕೆ ಬಿದ್ದು ಉರುಳುತ್ತಿದ್ದ. ಆರತಿ ಮುಗಿಯಿತು. ಅವಳು ಜಾರಿ ಕೂತಳು. ಅವಳ ಅತ್ತೆಯಿರಬೇಕು, ಸೆರಗಿನಿಂದ ಮುಖ ಒರೆಸಿ ನೀರು ಕುಡಿಸಿದಳು. ಒಡೆದ ಎರಡು ಬಳೆಗಳ ಚೂರು ಆರಿಸಿ ಬದಿಗಿಟ್ಟಳು. ಮನೆಯಲ್ಲಿ ಆ ಬೈಗುಳ ಆಡಿದ್ದರೆ ಆ ಮುದುಕಿ ಹೀಗೆ ನೀರು ಕುಡಿಸುತ್ತಿದ್ದಳೇ ಎಂದು ಯೋಚಿಸಿದೆ.

ಇಲ್ಲಿಯ ಗುರುವೂ ಸನ್ಯಾಸಿಯೇ. ಕಾರಂಜದಲ್ಲಿ ಹುಟ್ಟಿ ಕಾಶಿಯಲ್ಲಿ ಸನ್ಯಾಸ ತೆಗೆದುಕೊಂಡ ನರಸಿಂಹ ಸರಸ್ವತಿ. ಸರಸ್ವತಿ ಗಂಗಾಧರ ಮರಾಠಿಯಲ್ಲಿ ಬರೆದ ಗುರುಚರಿತ್ರೆಯಲ್ಲಿ, ಈ ಊರಿನ ಅಶ್ವತ್ಥ ಮರದಲ್ಲಿದ್ದ ಬ್ರಹ್ಮರಾಕ್ಷಸನಿಗೆ ಮುಕ್ತಿ ಕೊಟ್ಟು ಗುರು ಇಲ್ಲಿ ನೆಲೆ ನಿಂತ ಕಥೆ ಬರುತ್ತದೆ. ಎಲ್ಲ ಬಿಟ್ಟು ಬಂದವನನ್ನೇ ಜನ ದೆವ್ವದ ಮುಂದೆ ನಿಲ್ಲಿಸುತ್ತಾರೆ. ಹೆಂಡತಿ ಮಕ್ಕಳಿಲ್ಲದವನಿಗೆ ಅದು ಏನು ಮಾಡೀತು ಎಂಬ ಧೈರ್ಯ ಇರಬೇಕು. ಆಳಂದದ ಲಾಡ್ಲೆ ಮಶಾಯಕ ದರ್ಗಾಕ್ಕೂ ನಮ್ಮವರು ಇದೇ ಧೈರ್ಯದ ಮೇಲೆ ಹೋಗುತ್ತಾರೆ.

23 ಜನವರಿ, ಗುರುವಾರ

ಪತ್ರಿಕೆಯಲ್ಲಿ ಮೌಢ್ಯ ತಡೆ ಕಾಯ್ದೆಯ ಸುದ್ದಿ. 2017ರಲ್ಲಿ ವಿಧಾನಮಂಡಲ ಒಪ್ಪಿದ್ದು ಈಗ ಜಾರಿಗೆ ಬಂದಿದೆ. ದೆವ್ವ ಬಿಡಿಸುತ್ತೇನೆಂದು ಹಗ್ಗ, ಸರಪಳಿಯಿಂದ ಕಟ್ಟುವುದು, ಹೊಡೆಯುವುದು, ಚಪ್ಪಲಿ ಅದ್ದಿದ ನೀರು ಕುಡಿಸುವುದು, ಮೆಣಸಿನಕಾಯಿ ಹೊಗೆ ಹಾಕುವುದು ಅಪರಾಧ. ನಾಯಿ, ಹಾವು, ಚೇಳು ಕಚ್ಚಿದವರನ್ನು ದವಾಖಾನೆಗೆ ಹೋಗದಂತೆ ತಡೆದು ಮಂತ್ರ ಹಾಕುವುದೂ ಅಪರಾಧ. ಒಂದರಿಂದ ಏಳು ವರ್ಷ ಶಿಕ್ಷೆ.

ಮೆಣಸಿನಕಾಯಿ ಹೊಗೆ ಎಂಬಲ್ಲಿ ಓದು ನಿಂತಿತು.

1974. ತಂಗಿಗೆ ಒಂಬತ್ತು ವರ್ಷ. ಅವಳಿಗೆ ಮೂರ್ಛೆ ಬರುತ್ತಿತ್ತು. ಬಂದಾಗ ಮೂಗಿಗೆ ಉಳ್ಳಾಗಡ್ಡಿ, ಕೈಯಲ್ಲಿ ಕಬ್ಬಿಣದ ಕೀಲಿಕೈ. ಮುತ್ಯಾನ ತಗಡು ಕೊರಳಲ್ಲೇ ಇತ್ತು, ಫಲ ಕಾಣಲಿಲ್ಲ. ಅಪ್ಪ ಅವಳನ್ನು ಬೇರೊಂದು ಊರಿನ ಅಯ್ಯನ ಹತ್ತಿರ ಒಯ್ದ. ಅವನೂ ಮಠ ಬಿಟ್ಟು ಬಂದವನೇ. ನಾನೂ ಹೋಗಿದ್ದೆ. ಕಂಬಳಿ ಮುಚ್ಚಿ, ಕೆಂಡದ ಮೇಲೆ ಒಣಮೆಣಸಿನಕಾಯಿ ಹಾಕಿದರು. ಕಂಬಳಿಯ ಕೆಳಗಿಂದ “ಅಕ್ಕಾ” ಎಂದಳು, ಅಪ್ಪನನ್ನಾಗಲಿ ಅವ್ವನನ್ನಾಗಲಿ ಕರೆಯಲಿಲ್ಲ. ನಾನು ಹನ್ನೊಂದು ವರ್ಷದವಳು, ನಿಂತಲ್ಲೇ ನಿಂತೆ. ಐದು ವರ್ಷದ ಮೇಲೆ ಬಾವಿಯ ಹತ್ತಿರ ಮೂರ್ಛೆ ಬಂದು ಬಿದ್ದು ಸತ್ತಳು.

ಈ ಕಾನೂನು ಆಗ ಬೇಕಾಗಿತ್ತು. ಇದರಿಂದ ನಮ್ಮ ಧರ್ಮ ಕೆಡುತ್ತದೆಂದು ಯಾರಾದರೂ ನನ್ನ ಮುಂದೆ ಅಂದರೆ ನಾನು ಆ ಕಂಬಳಿಯ ಕಥೆ ಹೇಳುತ್ತೇನೆ.

ರಾತ್ರಿ ಮತ್ತೆ ವಹಿ ತೆಗೆದೆ. ತಂಗಿಯ ಹೆಸರು ಇದೆ, ಮುಂದೆ ‘ಮೂರ್ಛಿ’ ಎಂದಿದೆ. ಕೊಟ್ಟದ್ದೇನು ಎಂಬಲ್ಲಿ ಏನೂ ಇಲ್ಲ. ಮೊದಲನೇ ವಹಿ ಪೂರ್ತಿ ತಿರುವಿದೆ, ಎಲ್ಲೂ ದವಾಖಾನೆಯ ಮಾತಿಲ್ಲ. ‘ದವಾಖಾನಿಗಿ ಹೇಳೀನಿ’ ಎಂಬ ಸಾಲುಗಳೆಲ್ಲ ತಂಗಿ ತೀರಿಕೊಂಡ ಮೇಲಿನವು. ಮುತ್ಯಾ ನನ್ನ ಹತ್ತಿರ ಒಂದು ಮಾತೂ ಆಡಲಿಲ್ಲ. ನಾನೂ ಅವನು ಸಾಯುವ ತನಕ ಸರಿಯಾಗಿ ಮಾತಾಡಲಿಲ್ಲ.

2 ಫೆಬ್ರುವರಿ, ರವಿವಾರ

ಹಿಂದಿನ ಓಣಿಯ ಕೂಲಿಯವಳು ಮಗಳನ್ನು ಕರೆದುಕೊಂಡು ಬಂದಳು. ಎಂಟನೇ ಇಯತ್ತೆ ಓದುವ ಹುಡುಗಿ. “ಟೀಚರ್, ಇದಕ್ಕ ಗಾಳಿ ಸೋಂಕ್ಯಾದಂತ. ಒಬ್ಬರು ಅಯ್ಯ ಅದಾರಂತ, ಹೊಗಿ ಕೊಡ್ತಾರಂತ. ಹೋಗ್ಲೇನ್ರಿ?” ಬಾಯಲ್ಲಿ ನೊರೆ, ನಾಲಿಗೆ ಕಚ್ಚಿಕೊಂಡ ಗಾಯ, ಎದ್ದ ಮೇಲೆ ಏನೂ ನೆನಪಿಲ್ಲ. ಎಲ್ಲ ನನಗೆ ಗೊತ್ತಿದ್ದದ್ದೇ.

“ಹೋಗಬ್ಯಾಡ. ನಾಳೆ ನನ್ನ ಜೋಡಿ ದವಾಖಾನಿಗಿ ಬಾ” ಎಂದೆ. ಅವಳು ಏಳಲಿಲ್ಲ. ಬಸವಣ್ಣನ ಪಟದ ಕಡೆ, ಕೆಳಗಿನ ಗೂಡಿನ ಕಡೆ ನೋಡುತ್ತ ಕೂತಳು. ಅವಳಿಗೆ ಏನು ಬೇಕೆಂದು ಗೊತ್ತಾಯಿತು. ಎದ್ದು ಹೋಗಿ ಪೆಟಗಿ ತೆರೆದು, ಜೀವಮಾನದಲ್ಲಿ ಮೊದಲ ಸಲ, ಹುಡುಗಿಯ ಹಣೆಗೆ ಇಬತ್ತಿ ಹಚ್ಚಿದೆ.

22 ಫೆಬ್ರುವರಿ, ಶನಿವಾರ

ಗುಳಗಿ ಶುರುವಾಗಿ ಹತ್ತೊಂಬತ್ತು ದಿನ. ಒಮ್ಮೆಯೂ ಮೂರ್ಛೆ ಬಂದಿಲ್ಲ. ನಡುವೆ ಬಿಡಬಾರದು, ವರ್ಷಗಟ್ಟಲೆ ನುಂಗಬೇಕು, ನಿದ್ದೆಗೆಡಬಾರದು, ಉಪವಾಸ ಇರಬಾರದು ಎಂದು ಡಾಕ್ಟರ್ ಹೇಳಿದ್ದಾರೆ.

ನಿನ್ನೆ ಶಿವರಾತ್ರಿ. ಮಧ್ಯಾಹ್ನವೇ ತಾಯಿ ಓಡಿ ಬಂದಳು. “ಊರೆಲ್ಲ ಜಾಗರಣಿ ಮಾಡ್ತದ. ಇದು ಉಂಡು ಮಕ್ಕೊಂಡ್ರ ಶಿವ ಸಿಟ್ಟಾಗಂಗಿಲ್ಲೇನ್ರಿ? ನಮ್ಮತ್ತಿ ಬಿಡವಲ್ಲಳು.” ಡಾಕ್ಟರ್ ಹೇಳಿದ್ದಾರಲ್ಲ ಎಂದರೆ, “ಅವರು ಅಯ್ಯನೋರೇನ್ರಿ?” ಎಂದಳು.

ನಾನು ಅವಳ ಮನೆಗೆ ಹೋದೆ. ಅತ್ತೆ ಕಾಲಿಗೆ ಬೀಳಲು ಬಂದಳು. ಬೇರೆ ದಿನವಾಗಿದ್ದರೆ ಹಿಂದೆ ಸರಿಯುತ್ತಿದ್ದೆ. ನಿಂತೆ. “ಅಯ್ಯನ ಮನಿಯಿಂದ ಹೇಳಾಕತ್ತೀನಿ. ಈ ಕೂಸಿಗಿ ಉಪವಾಸ ಇಲ್ಲ, ಜಾಗರಣಿ ಇಲ್ಲ. ಇದರ ಪಾಲಿಂದು ನಾ ಕೂಡ್ತೀನಿ” ಎಂದೆ. ಮುದುಕಿ ಮರುಮಾತಿಲ್ಲದೆ ರೊಟ್ಟಿ ಹಾಲು ತಂದಿಟ್ಟಳು.

ಎಂಟು ಗಂಟೆಗೆ ಹುಡುಗಿ ಉಂಡು, ಗುಳಗಿ ನುಂಗಿ, ಕೌದಿ ಹೊದ್ದು ಮಲಗಿದಳು. ನಾನು ಮನೆಗೆ ಬಂದು ದೇವರಕೋಣೆಯಲ್ಲಿ ಬೆಳಗಿನ ತನಕ ಕೂತೆ. ಸುಮ್ಮನೆ ಕೂರಲು ಬಾರದೆ ಮೂರನೇ ವಹಿ ತೆಗೆದು, ಮುತ್ಯಾನ ಕೊನೆಯ ಸಾಲಿನ ಕೆಳಗೆ ಆ ಹುಡುಗಿಯ ಹೆಸರು ಬರೆದೆ, ‘ಮೂರ್ಛಿ’ ಎಂದು ಬರೆದೆ, ಕೊಟ್ಟದ್ದೇನು ಎಂಬಲ್ಲಿ ಗುಳಗಿಯ ಹೆಸರು, ದಿನಕ್ಕೆ ಎರಡು, ಎಂದು ಬರೆದೆ. ಚೀಟಿ ತಿಂಗಳಿನದು. ಮಾರ್ಚ್ ಮೊದಲ ವಾರ ಆಳಂದಕ್ಕೆ ಹೋಗಿ ಮತ್ತೆ ತರಬೇಕು.