ಅಮ್ಮನ ಪಾಲಿನ ಸಕ್ಕರೆ

ಬಾಲ್ಯದ ನೆನಪು ಎಲ್ಲರಿಗೂ ಸಿಹಿ. ಹೊಟ್ಟೆ ತುಂಬ ಉಂಡು ಬೆಳೆದವರಿಗೂ ಸಿಹಿ, ಅರೆಹೊಟ್ಟೆಯಲ್ಲಿ ಬೆಳೆದವರಿಗೂ ಸಿಹಿ. "ನಮ್ಮ ಕಾಲದಲ್ಲಿ ಏನೂ ಇರಲಿಲ್ಲ, ಆದರೂ ಎಷ್ಟು ಸುಖವಾಗಿದ್ದೆವು!" ಎಂಬ ಮಾತನ್ನು ಹಿರಿಯರ ಬಾಯಿಯಿಂದ ಕೇಳದವರು ಯಾರಿದ್ದಾರೆ? ಇದೇ ಮಾತನ್ನು ನಾನು ಇಂಗ್ಲೆಂಡಿನಲ್ಲಿ ಒಬ್ಬ ಇಂಗ್ಲಿಷ್ ಅಜ್ಜಿಯ ಬಾಯಿಯಿಂದ ಕೇಳಿದೆ. ನಮ್ಮನ್ನು ಆಳಿದ ದೇಶದ ಮಕ್ಕಳು ಒಂದು ಚಮಚ ಸಕ್ಕರೆಗೆ ಲೆಕ್ಕವಿಟ್ಟು ಬದುಕಿದ್ದರು ಎಂದರೆ ನಮ್ಮಲ್ಲಿ ಹಲವರು ನಂಬಲಿಕ್ಕಿಲ್ಲ. ಆದರೆ ಅದು ನಿಜ.

2014ರ ಚಳಿಗಾಲದಲ್ಲಿ ತಂಗಿಯ ಬಾಣಂತನಕ್ಕೆಂದು ನಾನು ಬ್ರಾಡ್‌ಫರ್ಡ್ ನಗರದಲ್ಲಿ ಎರಡು ತಿಂಗಳು ಇದ್ದೆ. ಉತ್ತರ ಇಂಗ್ಲೆಂಡಿನ ಈ ಊರು ಒಂದು ಕಾಲದಲ್ಲಿ ಉಣ್ಣೆಯ ಗಿರಣಿಗಳಿಗೆ ಹೆಸರುವಾಸಿ. ಹಳೆಯ ಬೀದಿಗಳಲ್ಲಿ ಒಂದಕ್ಕೊಂದು ಅಂಟಿಕೊಂಡ ಕಲ್ಲಿನ ಮನೆಗಳ ಸಾಲು. ತಂಗಿಯ ಮನೆಯ ಎಡಗಡೆ 72 ವರ್ಷದ ಇಂಗ್ಲಿಷ್ ಮಹಿಳೆ, ಬಲಗಡೆ ಐವತ್ತು ದಾಟಿದ ಒಬ್ಬ ಮೀರ್‌ಪುರಿ ಮಹಿಳೆ ಇದ್ದರು. ಮೊದಲನೆಯವರನ್ನು ನಾವು ಆಂಟಿ ಎನ್ನುತ್ತಿದ್ದೆವು, ಎರಡನೆಯವರನ್ನು ಖಾಲಾ. ಬಿ.ಎ.ಯಲ್ಲಿ ಕಲಿತ ಇಂಗ್ಲಿಷ್ ಆಂಟಿಯೊಂದಿಗೆ ಮಾತಾಡಲು ನೆರವಾಯಿತು, ಮದ್ರಸದಲ್ಲಿ ಕಲಿತ ಉರ್ದು ಖಾಲಾ ಅವರೊಂದಿಗೆ. ಮಗು ಮಲಗಿದ ಹೊತ್ತಿನಲ್ಲಿ ಇಬ್ಬರ ಮನೆಯ ಚಹಾವನ್ನೂ ಕುಡಿದು, ಇಬ್ಬರ ಬಾಲ್ಯದ ಕಥೆಯನ್ನೂ ಕೇಳಿದೆ.

ಆಂಟಿ ಹುಟ್ಟಿದ್ದು 1942ರಲ್ಲಿ, ಉಕ್ಕಿನ ಕಾರ್ಖಾನೆಗಳ ಊರಾದ ಶೆಫೀಲ್ಡ್‌ನಲ್ಲಿ. ಮದುವೆಯಾಗಿ ಬ್ರಾಡ್‌ಫರ್ಡ್‌ಗೆ ಬಂದವರು. ಆ ಕಡೆಯ ಹಿರಿಯರು ಎಲ್ಲರನ್ನೂ "ಲವ್" ಎಂದು ಕರೆಯುತ್ತಾರೆ, ನಮ್ಮಲ್ಲಿ "ಬೇಟಾ", "ಮಗಾ" ಎಂದಂತೆ. ಅವರು ಹುಟ್ಟುವ ಮೊದಲೇ, 1940ರ ಡಿಸೆಂಬರಿನ ಎರಡು ರಾತ್ರಿಗಳಲ್ಲಿ ಜರ್ಮನ್ ವಿಮಾನಗಳು ಶೆಫೀಲ್ಡ್ ಮೇಲೆ ಬಾಂಬು ಸುರಿದಿದ್ದವು. 660ಕ್ಕೂ ಹೆಚ್ಚು ಜನ ಸತ್ತರು. ಯುದ್ಧ ಮುಗಿದು ವರ್ಷಗಳು ಕಳೆದರೂ ಕುಸಿದ ಮನೆಗಳ ಜಾಗ ಹಾಗೆಯೇ ಉಳಿದಿತ್ತು. ಅದೇ ಮಕ್ಕಳ ಆಟದ ಮೈದಾನ.

"ಮುರಿದ ಗೋಡೆ ನಮಗೆ ಕೋಟೆ, ಇಟ್ಟಿಗೆಯ ರಾಶಿ ನಮಗೆ ಬೆಟ್ಟ. ಅಲ್ಲಿ ಯಾರೋ ಸತ್ತಿದ್ದರು ಎಂದು ನಮಗೆ ಹೊಳೆಯುತ್ತಲೇ ಇರಲಿಲ್ಲ ಲವ್" ಎಂದರು ಆಂಟಿ.

ಅವರ ಮನೆಯಲ್ಲಿ ಸ್ನಾನದ ಕೋಣೆ ಇರಲಿಲ್ಲ. ಶೌಚಾಲಯ ಹಿತ್ತಿಲಿನಲ್ಲಿ. ಹೊರಗೋಡೆಯ ಮೊಳೆಗೆ ಒಂದು ತಗಡಿನ ತೊಟ್ಟಿ ನೇತಾಡುತ್ತಿತ್ತು. ಶುಕ್ರವಾರ ರಾತ್ರಿ ಅದನ್ನು ಒಳಗೆ ತಂದು, ಕಲ್ಲಿದ್ದಲಿನ ಒಲೆಯ ಮುಂದಿಟ್ಟು, ಒಂದೇ ನೀರಿನಲ್ಲಿ ಮಕ್ಕಳೆಲ್ಲ ಒಬ್ಬರ ನಂತರ ಒಬ್ಬರು ಮೀಯುತ್ತಿದ್ದರು. 1947ರ ಚಳಿಗಾಲದಲ್ಲಿ ದೇಶವೆಲ್ಲ ಹಿಮದಲ್ಲಿ ಹೂತುಹೋಗಿ ಕಲ್ಲಿದ್ದಲು ಸಿಗದೆ, ವಿದ್ಯುತ್ತೂ ಆಗಾಗ ನಿಂತುಹೋದಾಗ ಹೊದಿಕೆಯ ಮೇಲೆ ಅಪ್ಪನ ಕೋಟನ್ನೂ ಹೊದ್ದು ಮಲಗಿದ್ದು ಅವರಿಗೆ ನೆನಪಿದೆ. ಇದನ್ನೆಲ್ಲ ಹೇಳುವಾಗ ಅವರ ಮುಖದಲ್ಲಿ ದುಃಖ ಇರಲಿಲ್ಲ, ನಗು ಇತ್ತು.

ಊಟದ ಮಾತು ಬಂದಾಗ ರೇಷನ್ನಿನ ಕಥೆ ಶುರುವಾಯಿತು. ಬ್ರಿಟನ್ನಿನಲ್ಲಿ 1940ರ ಜನವರಿಯಲ್ಲಿ ಆರಂಭವಾದ ಆಹಾರದ ರೇಷನ್, ಯುದ್ಧ ಮುಗಿದರೂ ಮುಗಿಯಲಿಲ್ಲ. ಯುದ್ಧದ ಕಾಲದಲ್ಲಿ ರೇಷನ್ ಇಲ್ಲದಿದ್ದ ಬ್ರೆಡ್ಡಿಗೆ ಕೂಡ 1946ರಿಂದ 1948ರವರೆಗೆ ರೇಷನ್ ಬಂತು. ಮಾಂಸದ ಮೇಲಿದ್ದ ಕೊನೆಯ ನಿರ್ಬಂಧ ತೆಗೆದದ್ದು 1954ರ ಜುಲೈ 4ರಂದು. ಸಕ್ಕರೆ ಸಾಮಾನ್ಯವಾಗಿ ತಲೆಗೆ ವಾರಕ್ಕೆ 8 ಔನ್ಸ್, ಅಂದರೆ ಸುಮಾರು 225 ಗ್ರಾಂ. ಚಹಾಪುಡಿ 2 ಔನ್ಸ್, 60 ಗ್ರಾಮಿಗೂ ಕಡಿಮೆ. ಮಿಠಾಯಿಗೂ ಕೂಪನ್ನು. 1953ರ ಫೆಬ್ರವರಿಯಲ್ಲಿ ಮಿಠಾಯಿಯ ರೇಷನ್ ತೆಗೆದಾಗ ಹತ್ತು ವರ್ಷದ ಆಂಟಿ ಡಬ್ಬಿಯಲ್ಲಿ ಕೂಡಿಟ್ಟ ಚಿಲ್ಲರೆಯನ್ನೆಲ್ಲ ಹಿಡಿದು ಅಂಗಡಿಯ ಮುಂದೆ ಸಾಲು ನಿಂತರಂತೆ. ಜ್ಯೇಷ್ಠಮಧುವಿನ ಕರಿ ಮಿಠಾಯಿ ತಿಂದು ನಾಲಗೆ, ತುಟಿ, ಅಂಗಿ ಎಲ್ಲ ಕಪ್ಪು. "ಅಂಥ ರುಚಿ ಮತ್ತೆ ಬರಲಿಲ್ಲ" ಎಂದು ಅವರು ಕಣ್ಣು ಮುಚ್ಚಿದರು.

ಆಮೇಲೆ ಕಪ್ಪನ್ನು ಕೆಳಗಿಟ್ಟು ಅವರು ಹೇಳಿದ ಒಂದು ಮಾತಿಗಾಗಿಯೇ ನಾನು ಇದನ್ನು ಬರೆಯುತ್ತಿದ್ದೇನೆ.

"ನನ್ನ ಅಮ್ಮ ಚಹಾಕ್ಕೆ ಸಕ್ಕರೆ ಹಾಕಿಕೊಳ್ಳುತ್ತಿರಲಿಲ್ಲ. 'ನನಗೆ ಸಿಹಿ ಸೇರುವುದಿಲ್ಲ' ಎನ್ನುತ್ತಿದ್ದಳು. ಅವಳ ಪಾಲಿನ ಸಕ್ಕರೆ ನಮ್ಮ ಗಂಜಿಗೆ, ಹುಟ್ಟುಹಬ್ಬದ ಕೇಕಿಗೆ ಹೋಗುತ್ತಿತ್ತು. ಅಮ್ಮನಿಗೆ ಸಿಹಿ ಇಷ್ಟವಿಲ್ಲ ಎಂದೇ ನಾವು ಬೆಳೆದೆವು. 1953ರ ಸೆಪ್ಟೆಂಬರಿನಲ್ಲಿ ಸಕ್ಕರೆಯ ರೇಷನ್ ಹೋಯಿತು. ಕೆಲವು ದಿನ ಕಳೆದು ಶಾಲೆಯಿಂದ ಬಂದಾಗ ನೋಡಿದೆ. ಅಮ್ಮ ಅಡುಗೆಮನೆಯಲ್ಲಿ ಒಬ್ಬಳೇ ಕೂತು ತನ್ನ ಚಹಾಕ್ಕೆ ಸಕ್ಕರೆ ಹಾಕುತ್ತಿದ್ದಳು. ಒಂದು ಚಮಚ, ಎರಡು, ಮೂರು."

ಇಬ್ಬರೂ ಸ್ವಲ್ಪ ಹೊತ್ತು ಮಾತಾಡಲಿಲ್ಲ. ನಮ್ಮ ಮನೆಯಲ್ಲಿ ಅನ್ನದ ಪಾತ್ರೆಯ ತಳ ಕೆರೆಯುವ ಪಾಲು ಯಾವಾಗಲೂ ಅಮ್ಮಿಯದೇ ಆಗಿತ್ತು. ಸೀದ ಅನ್ನ ರುಚಿ ಎಂದು ಅವರೂ ಹೇಳುತ್ತಿದ್ದರು.

ಆ ದಿನದಿಂದ ಆಂಟಿಯ ಕಥೆಗಳನ್ನು ನಾನು ಬೇರೆ ರೀತಿ ಕೇಳತೊಡಗಿದೆ. ಶುಕ್ರವಾರದ ಸ್ನಾನದ ಕಥೆಯಲ್ಲಿ ಅಷ್ಟು ನೀರನ್ನು ಕಾಯಿಸಿ ಹೊತ್ತವರು ಯಾರು? ಸೋಮವಾರ ಬಟ್ಟೆ ಒಗೆಯುವ ದಿನವಂತೆ. ಹಂಡೆಯಲ್ಲಿ ಕುದಿಸಿ, ಕೋಲಿನಿಂದ ತಿರುವಿ, ಎರಡು ಉರುಳೆಗಳ ಯಂತ್ರದ ನಡುವೆ ಹಾಕಿ ಕೈಯಿಂದ ತಿರುಗಿಸಿ ಹಿಂಡಬೇಕು. ಹಗ್ಗಕ್ಕೆ ಹಾಕಿದ ಬಿಳಿ ಬಟ್ಟೆಯ ಮೇಲೆ ಕಾರ್ಖಾನೆಯ ಮಸಿ ಬಿದ್ದರೆ ಮತ್ತೆ ಮೊದಲಿನಿಂದ. ಆ ಹೊಗೆ ಬಟ್ಟೆಯನ್ನಷ್ಟೇ ಕೆಡಿಸಲಿಲ್ಲ. 1952ರ ಡಿಸೆಂಬರಿನಲ್ಲಿ ಲಂಡನ್ನಿನಲ್ಲಿ ಐದು ದಿನ ಕವಿದ ಹೊಗೆಮಂಜಿನಿಂದ ಸಾವಿರಾರು ಜನ ಸತ್ತರು. ಹೊಗೆಯನ್ನು ತಡೆಯುವ ಕಾನೂನು ಬಂದದ್ದು 1956ರಲ್ಲಿ. ಮಗುವಿನ ನೆನಪಿನಲ್ಲಿ ಆ ಮಂಜು ಕಣ್ಣುಮುಚ್ಚಾಲೆಯ ಆಟ. ತಾಯಿಯ ಪಾಲಿಗೆ ಅದು ರಾತ್ರಿಯೆಲ್ಲ ಕೆಮ್ಮುವ ಮಗು.

ಕೊರತೆಯ ಆ ದಿನಗಳನ್ನು ಆಂಟಿ ಇಷ್ಟು ಪ್ರೀತಿಯಿಂದ ನೆನೆಯಲು ಇನ್ನೂ ಒಂದು ಕಾರಣವಿತ್ತು. "ಸಿಗುತ್ತಿದ್ದದ್ದು ಕಡಿಮೆ, ಆದರೆ ಎಲ್ಲರಿಗೂ ಸಿಗುತ್ತಿತ್ತು" ಎಂದು ಅವರು ಹೇಳುತ್ತಿದ್ದರು. ರಾಜಮನೆತನಕ್ಕೂ ರೇಷನ್ ಪುಸ್ತಕ ಇತ್ತು. 1946ರಿಂದ ಶಾಲೆಯ ಪ್ರತಿ ಮಗುವಿಗೂ ದಿನಕ್ಕೆ ಸುಮಾರು 190 ಮಿಲಿಲೀಟರ್ ಹಾಲು ಉಚಿತವಾಗಿ ಸಿಕ್ಕಿತು. ಕಾರ್ಖಾನೆಯ ಕೂಲಿಯ ಮಗಳೂ ವೈದ್ಯರ ಮಗಳೂ ಒಂದೇ ಅಳತೆಯ ಬಾಟಲಿಯಿಂದ ಕುಡಿದರು. ಈ ನ್ಯಾಯದ ಅಳತೆ ಸಮುದ್ರ ದಾಟಿ ನಮ್ಮವರೆಗೆ ಬರಲಿಲ್ಲ ಎಂಬುದನ್ನೂ ಹೇಳಬೇಕು. ಅದೇ ಸರಕಾರದ ಆಳ್ವಿಕೆಯಲ್ಲಿ 1943ರಲ್ಲಿ ಬಂಗಾಳದ ಲಕ್ಷಾಂತರ ಜನ ಹಸಿವಿನಿಂದ ಸತ್ತರು. ಆಂಟಿಗೆ ಇದನ್ನು ಹೇಳಿದಾಗ ಅವರು ತಲೆತಗ್ಗಿಸಿ, "ನಮಗೆ ಶಾಲೆಯಲ್ಲಿ ಇದನ್ನು ಕಲಿಸಲಿಲ್ಲ" ಎಂದರು.

ಆ ತಾಯಂದಿರ ಮಟ್ಟಿಗೆ ಎರಡು ದೊಡ್ಡ ಬದಲಾವಣೆಗಳು ಅದೇ ವರ್ಷಗಳಲ್ಲಿ ಆದವು. ಒಂದು, 1948ರ ಜುಲೈ 5ರಂದು ಆರಂಭವಾದ ಉಚಿತ ರಾಷ್ಟ್ರೀಯ ಆರೋಗ್ಯ ಸೇವೆ. ಅದಕ್ಕೆ ಮೊದಲು 1911ರ ಕಾನೂನಿನಂತೆ ವಿಮೆ ಇದ್ದದ್ದು ದುಡಿಯುವ ಕಾರ್ಮಿಕನಿಗೆ. ಅವನ ಹೆಂಡತಿ, ಮಕ್ಕಳಿಗೆ ಅದರಿಂದ ವೈದ್ಯರ ಚಿಕಿತ್ಸೆ ಸಿಗುತ್ತಿರಲಿಲ್ಲ. ಮಗುವಿಗೆ ಜ್ವರ ಬಂದರೆ ಹೇಗೋ ಹಣ ಹೊಂದಿಸುತ್ತಿದ್ದ ತಾಯಿ ತನ್ನ ಕಾಯಿಲೆಯನ್ನು ಮಾತ್ರ ವರ್ಷಗಟ್ಟಲೆ ಸೆರಗಿನಲ್ಲಿ ಕಟ್ಟಿಕೊಂಡು ತಿರುಗುತ್ತಿದ್ದಳು.

ಇನ್ನೊಂದು, ಕುಟುಂಬ ಭತ್ಯೆ. ಎಲೀನರ್ ರಾಥ್‌ಬೋನ್ ಎಂಬ ಸಂಸತ್ ಸದಸ್ಯೆ ಇದಕ್ಕಾಗಿ ಹತ್ತಾರು ವರ್ಷ ಹೋರಾಡಿದರು. 1945ರಲ್ಲಿ ಮಸೂದೆ ಬಂದಾಗ ಹಣ ತಂದೆಯ ಕೈಗೆ ಎಂದು ಬರೆದಿತ್ತು. ಹಾಗಿದ್ದರೆ ನಾನೇ ಇದಕ್ಕೆ ವಿರೋಧವಾಗಿ ಮತ ಹಾಕುವೆ ಎಂದು ಆಕೆ ಪಟ್ಟು ಹಿಡಿದರು. ಕೊನೆಗೆ ಹಣ ತಾಯಿಗೇ ಎಂದಾಯಿತು. 1946ರ ಆಗಸ್ಟಿನಿಂದ, ಮೊದಲ ಮಗುವನ್ನು ಬಿಟ್ಟು ಉಳಿದ ಪ್ರತಿ ಮಗುವಿಗೆ ವಾರಕ್ಕೆ 5 ಶಿಲ್ಲಿಂಗ್ ಸಿಗತೊಡಗಿತು. ಅದನ್ನು ನೋಡಲು ರಾಥ್‌ಬೋನ್ ಬದುಕಿರಲಿಲ್ಲ, ಅದೇ ವರ್ಷದ ಜನವರಿಯಲ್ಲಿ ತೀರಿಕೊಂಡಿದ್ದರು. "ನನ್ನ ಅಮ್ಮ ಆ ಹಣ ತರಲು ಅಂಚೆ ಕಚೇರಿಗೆ ಹೋಗುವ ದಿನ ಟೋಪಿ ಹಾಕಿಕೊಂಡು ಹೋಗುತ್ತಿದ್ದಳು" ಎಂದು ಆಂಟಿ ನೆನಪಿಸಿಕೊಂಡರು. ತನ್ನ ಹೆಸರಿಗೆ ಬಂದ ಹಣವಲ್ಲವೇ!

ಇದನ್ನು ಕೇಳುವಾಗ ನನಗೆ ಮಹ್ರ್ ನೆನಪಾಯಿತು. ಹೆಣ್ಣಿನ ಹಣ ಹೆಣ್ಣಿನದೇ ಎಂಬ ಹಕ್ಕನ್ನು ಅಲ್ಲಾಹನು ನಮಗೆ ಹದಿನಾಲ್ಕು ಶತಮಾನಗಳ ಹಿಂದೆಯೇ ಕೊಟ್ಟಿದ್ದಾನೆ. ಅದು ನಮ್ಮ ಎಷ್ಟು ಮನೆಗಳಲ್ಲಿ ಹೆಣ್ಣಿನ ಕೈ ಸೇರುತ್ತಿದೆ ಎಂಬುದನ್ನು ನಾವೇ ಕೇಳಿಕೊಳ್ಳಬೇಕು.

ಖಾಲಾ ಅವರ ಬಾಲ್ಯ ಇದೇ ಕಥೆಯ ಇನ್ನೊಂದು ಬದಿ. ಅವರ ಊರು ಮೀರ್‌ಪುರ. 1967ರಲ್ಲಿ ಪೂರ್ಣಗೊಂಡ ಮಂಗ್ಲಾ ಅಣೆಕಟ್ಟಿನ ನೀರಿನಲ್ಲಿ ಅಲ್ಲಿನ ಹಳ್ಳಿಗಳು ಮುಳುಗಿ ಲಕ್ಷದಷ್ಟು ಜನ ನೆಲೆ ಕಳೆದುಕೊಂಡರು. ಅವರ ತಂದೆ ಅದಕ್ಕೂ ಮೊದಲೇ ಬ್ರಾಡ್‌ಫರ್ಡ್‌ನ ಉಣ್ಣೆ ಗಿರಣಿಗೆ ಬಂದಿದ್ದರು. ರಾತ್ರಿಪಾಳಿಯವರು ಎದ್ದ ಹಾಸಿಗೆಯಲ್ಲಿ ಹಗಲುಪಾಳಿಯವರು ಮಲಗುತ್ತಿದ್ದ ಕಾಲ. ಬಾಡಿಗೆ ಮನೆಗಳ ಕಿಟಕಿಯಲ್ಲಿ 'ಬಣ್ಣದವರಿಗೆ ಕೊಡುವುದಿಲ್ಲ' ಎಂಬ ಫಲಕ. ಮನೆ ಕೊಡುವುದರಲ್ಲಿ ಇಂಥ ಭೇದವನ್ನು ನಿಷೇಧಿಸಿದ ಕಾನೂನು ಬಂದದ್ದು 1968ರಲ್ಲಿ. ಅದೇ ವರ್ಷ ಏಳರ ಬಾಲಕಿ ಖಾಲಾ ತಾಯಿಯ ಕೈ ಹಿಡಿದು ಇಂಗ್ಲೆಂಡಿಗೆ ಬಂದರು.

ಫಲಕದ ವಿಷಯ ಆಂಟಿಯ ಕಥೆಗಳಲ್ಲಿ ಎಲ್ಲೂ ಬಂದಿರಲಿಲ್ಲ. ಕೇಳಿದೆ. "ಇತ್ತು ಲವ್. ನಾವು ನೋಡಿದ್ದೆವು" ಎಂದಷ್ಟೇ ಹೇಳಿದರು. ಸುಳ್ಳು ಹೇಳದ ಆ ಮುದುಕಿಯ ಮೇಲೆ ನನಗೆ ಗೌರವ ಹೆಚ್ಚಾಯಿತು.

ಖಾಲಾ ಅವರಿಗೂ ಆ ಬೀದಿಯ ನೆನಪು ಸಿಹಿಯೇ. ಮೊದಲ ಹಿಮ, ಹಿತ್ತಿಲಿನ ಓಣಿಯಲ್ಲಿ ಇಂಗ್ಲಿಷ್ ಮಕ್ಕಳೊಂದಿಗೆ ಹಗ್ಗದಾಟ, ಭಾನುವಾರ ತಂದೆ ಹೊಲದವರಿಂದ ಜೀವಂತ ಕೋಳಿ ತಂದು ಬಿಸ್ಮಿಲ್ಲಾ ಹೇಳಿ ಕೊಯ್ಯುತ್ತಿದ್ದದ್ದು, ಹವರ್ಡ್ ಬೀದಿಯಲ್ಲಿ 1959ರಿಂದ ಇದ್ದ ಮಸೀದಿಗೆ ಈದ್ ದಿನ ತಂದೆ, ಅಣ್ಣಂದಿರು ಹೊರಡುವ ಸಂಭ್ರಮ. ಮನೆಯ ಸಾಲಿನಲ್ಲಿ ಮನೆಯಂತೆಯೇ ಇದ್ದ ಮಸೀದಿ ಅದು.

"ನಿಮ್ಮ ಅಮ್ಮಿಗೆ ಆ ದಿನಗಳು ಹೇಗಿದ್ದವು ಖಾಲಾ?" ಎಂದು ಕೇಳಿದೆ.

ಅವರು ತುಸು ಹೊತ್ತು ಯೋಚಿಸಿದರು. "ಅಮ್ಮಿಗೆ ಇಂಗ್ಲಿಷ್ ಬರುತ್ತಿರಲಿಲ್ಲ ಬೇಟಾ. ಕಿಟಕಿಯೇ ಅವರ ಪ್ರಪಂಚ. ಡಾಕ್ಟರ ಬಳಿ ಹೋಗುವಾಗ ಒಂಬತ್ತು ವರ್ಷದ ನಾನೇ ದುಭಾಷಿ. ಹೆಂಗಸರ ಕಾಯಿಲೆಯನ್ನು ಮಗಳ ಮುಂದೆ ಹೇಗೆ ಹೇಳುವುದು? 'ತಲೆನೋವು ಎಂದು ಹೇಳು' ಎನ್ನುತ್ತಿದ್ದರು. ನಾನು ಹಾಗೆಯೇ ಹೇಳುತ್ತಿದ್ದೆ. ತಲೆನೋವಿನ ಮಾತ್ರೆ ತೆಗೆದುಕೊಂಡು ಮನೆಗೆ ಬರುತ್ತಿದ್ದೆವು."

ಡಾಕ್ಟರನ್ನು ಕಾಣುವುದು ಉಚಿತವಾಗಿತ್ತು, ಕಾಯಿಲೆಯನ್ನು ಹೇಳಲು ಬಾಯಿ ಇರಲಿಲ್ಲ. ಒಬ್ಬ ತಾಯಿ "ನನಗೆ ಸಿಹಿ ಸೇರುವುದಿಲ್ಲ" ಎಂದಳು, ಇನ್ನೊಬ್ಬಳು "ತಲೆನೋವು" ಎಂದಳು. ಇಬ್ಬರ ಮಕ್ಕಳ ಬಾಲ್ಯವೂ ಸಿಹಿಯಾಯಿತು.

ತನಗೇ ಅಗತ್ಯವಿದ್ದರೂ ಇನ್ನೊಬ್ಬರನ್ನು ಮುಂದಿಡುವ ಗುಣಕ್ಕೆ ನಾವು ಈಸಾರ್ ಎನ್ನುತ್ತೇವೆ. ಪವಿತ್ರ ಕುರ್‌ಆನ್‌ನ ಅಲ್‌ಹಶ್ರ್ ಅಧ್ಯಾಯದಲ್ಲಿ ಮದೀನಾದ ಅನ್ಸಾರರ ಈ ಗುಣವನ್ನು ಅಲ್ಲಾಹನು ಮೆಚ್ಚಿ ಹೇಳಿದ್ದಾನೆ. ಆದರೆ ಆ ಅನ್ಸಾರರ ಸಮಾಜದಲ್ಲಿ ಕೊಡುವವರು ಒಂದೇ ಕಡೆ, ಪಡೆಯುವವರು ಇನ್ನೊಂದೇ ಕಡೆ ಎಂಬ ಶಾಶ್ವತ ವ್ಯವಸ್ಥೆ ಇರಲಿಲ್ಲ. ಮುಹಾಜಿರರು ದುಡಿದು ನಿಂತರು, ಪ್ರವಾದಿವರ್ಯರು(ಸ) ಅನ್ಸಾರರ ಉಪಕಾರವನ್ನು ಕೊನೆಯವರೆಗೂ ನೆನೆದರು. ನಮ್ಮ ಮನೆಗಳಲ್ಲಿ ಈಸಾರ್ ಒಬ್ಬಳದೇ ಕೆಲಸವಾಗಿ, ಅದನ್ನು ಯಾರೂ ಗಮನಿಸದೇ ಹೋದರೆ ಅದು ಅವಳ ತ್ಯಾಗವೆಂಬ ಹೆಸರಿನಲ್ಲಿ ಉಳಿದವರು ಮಾಡುವ ಅನ್ಯಾಯವಾಗುತ್ತದೆ.

ಆದ್ದರಿಂದ "ಬಡತನದಲ್ಲೂ ಸುಖವಾಗಿದ್ದೆವು" ಎಂಬ ಮಾತು ಕೇಳಿದಾಗಲೆಲ್ಲ ನನಗೆ ಎರಡು ವಿಷಯ ನೆನಪಾಗುತ್ತವೆ. ಆ ಸುಖವನ್ನು ಬಡತನ ಕೊಟ್ಟದ್ದಲ್ಲ. ಸಮಾಜ ಎಲ್ಲರಿಗೂ ಒಂದೇ ಅಳತೆಯಲ್ಲಿ ಹಂಚಿದ್ದರಿಂದ ಸ್ವಲ್ಪ ಸುಖ ಬಂತು, ಮನೆಯಲ್ಲಿ ಒಬ್ಬಳು ತನ್ನ ಅಳತೆಯನ್ನೂ ಬಿಟ್ಟುಕೊಟ್ಟದ್ದರಿಂದ ಉಳಿದದ್ದು ಬಂತು.

ಸಹೋದರಿಯರೇ, ಮನೆಯಲ್ಲಿ ಹಿರಿಯರು ಹಳೆಯ ಕಾಲದ ಮಾತು ತೆಗೆದಾಗ ಮಕ್ಕಳಿಗೆ ಒಂದು ಪ್ರಶ್ನೆ ಕೇಳಲು ಕಲಿಸಿರಿ: "ದಾದೀ, ಆಗ ನೀವು ಏನು ಉಣ್ಣುತ್ತಿದ್ದಿರಿ?" ಉತ್ತರ ಬರಲು ತಡವಾಗಬಹುದು. ಕಾದು ಕೇಳಲಿ. ಮಾರನೆಯ ದಿನ ಊಟಕ್ಕೆ ಕೂರುವಾಗ ಎಲ್ಲರ ತಟ್ಟೆಯ ಜೊತೆಗೆ ಬಡಿಸುವವಳ ತಟ್ಟೆಯನ್ನೂ ಇಡುವ ರೂಢಿ ಶುರುವಾದರೆ ಆ ಪ್ರಶ್ನೆ ಸಾರ್ಥಕ. ನಮ್ಮ ತಾಯಂದಿರು ಬಿಟ್ಟುಕೊಟ್ಟ ಪ್ರತಿ ತುತ್ತಿಗೂ ಅಲ್ಲಾಹನು ಅವರಿಗೆ ಪ್ರತಿಫಲ ನೀಡಲಿ, ಬದುಕಿರುವವರ ಪಾಲನ್ನು ಅವರ ಕೈಗೇ ಕೊಡುವ ಬುದ್ಧಿಯನ್ನು ನಮಗೆ ಅನುಗ್ರಹಿಸಲಿ. ಆಮೀನ್.