ಗುಡ್ಡದ ಮೇಲಿನ ಗಂಟೆ

ಬಚ್ಚಲೊಲೆಗೆ ಅಡಿಕೆ ಸಿಪ್ಪೆ ತುರುಕುತ್ತ ಅಜ್ಜಿ ಪ್ರತಿ ಚಳಿಗಾಲವೂ ಕೇಳುತ್ತಾಳೆ: "ಆ ಗಂಟೆ ಕಥೆ ಹೇಳೋ ಮಾರಾಯ." ನಾನೂ ಹೇಳಿದ್ದನ್ನೇ ಹೇಳುತ್ತೇನೆ.

2013ರ ಡಿಸೆಂಬರ್. ಕೀವ್‌ನಲ್ಲಿ ಮೆಡಿಕಲ್ ಓದುತ್ತಿದ್ದೆ. ಗುಡ್ಡದ ಬುಡದ ಪೊದೀಲ್ ಎಂಬ ಹಳೇ ಪೇಟೆಯಲ್ಲಿ ಒಬ್ಬ ಮುದುಕಿಯ ಮನೆಯಲ್ಲಿ ಬಾಡಿಗೆ ಕೋಣೆ. ಅಲ್ಲಿ ಅಜ್ಜಿಗೆ ಬಾಬುಸ್ಯಾ ಅನ್ನುತ್ತಾರೆ, ನಾನೂ ಹಾಗೇ ಕರೆಯುತ್ತಿದ್ದೆ. 11ನೇ ತಾರೀಕು, ನಡುರಾತ್ರಿ ಒಂದು ದಾಟಿರಬೇಕು, ಬಾಬುಸ್ಯಾ ಬಾಗಿಲು ಬಡಿದಳು. ರಾತ್ರಿಯುಡುಪಿನ ಮೇಲೇ ಕೋಟು. "ಕೇಳು" ಅಂದಳು.

ಕಿಟಕಿ ತೆಗೆದೆ. ಗುಡ್ಡದ ಮೇಲಿಂದ ಗಂಟೆ. ಪೂಜೆಯ ಗಂಟೆಗೆ ಒಂದು ನಿಲುಗಡೆ ಇರುತ್ತದೆ, ಇದಕ್ಕಿರಲಿಲ್ಲ. ಊರಿಗೆ ಬೆಂಕಿ ಬಿದ್ದಾಗ ಕೂಗುತ್ತಾರಲ್ಲ, ಹಾಗೆ.

ನವೆಂಬರ್‌ನಲ್ಲಿ ಸರ್ಕಾರ ಯುರೋಪಿನ ಒಪ್ಪಂದದಿಂದ ಹಿಂದೆ ಸರಿದಿದ್ದಕ್ಕೆ ಜನ ಮೈದಾನ್ ಚೌಕದಲ್ಲಿ ಠಿಕಾಣಿ ಹೂಡಿದ್ದರು. ನವೆಂಬರ್ 30ರ ನಸುಕಿನಲ್ಲಿ ಪೊಲೀಸರು ಬಡಿದಾಗ ಹುಡುಗರು ಓಡಿಹೋಗಿ ಸೇರಿಕೊಂಡದ್ದು ಸಂತ ಮಿಖಾಯಿಲನ ಮಠವನ್ನು. ಈಗ ಮತ್ತೆ ಪೊಲೀಸರು ಚೌಕಕ್ಕೆ ನುಗ್ಗಿದ್ದರು. ಮಠದ ಗಂಟೆ ಊರನ್ನು ಎಬ್ಬಿಸುತ್ತಿತ್ತು.

ನಾನು ಧೈರ್ಯಸ್ಥನಲ್ಲ. ಆದರೂ ಹೊರಟೆ. ಚಳಿ ಸೊನ್ನೆಗಿಂತ ಹತ್ತು ಡಿಗ್ರಿಗೂ ಕೆಳಗೆ, ಕಲ್ಲುಹಾಸಿನ ಏರುದಾರಿಯಲ್ಲಿ ಎರಡು ಸಲ ಜಾರಿ ಬಿದ್ದೆ. ಮೇಲೆ ತಲುಪಿದರೆ ನೀಲಿ ಗೋಡೆ, ಏಳು ಚಿನ್ನದ ಗುಮ್ಮಟ. ತಲೆಗೆ ಬಟ್ಟೆ ಸುತ್ತಿದ ಹೆಂಗಸರು, ಕಟ್ಟಿಗೆ ಹೊತ್ತ ಗಂಡಸರು ಅದರ ಮುಂದಿನಿಂದ ಚೌಕದ ಕಡೆಗೆ ಇಳಿಯುತ್ತಿದ್ದರು. ಗಂಟೆಯ ಏಟು ಕಿವಿಗಿಂತ ಮೊದಲು ಎದೆಗೂಡಿಗೆ ಬೀಳುತ್ತಿತ್ತು.

ನಿಜ ಹೇಳಬೇಕೆಂದರೆ ಆ ಗುಡಿಯ ಬಗ್ಗೆ ನನಗೆ ಅಷ್ಟು ಗೌರವವಿರಲಿಲ್ಲ. ಬೇಕರಿಯ ಕೇಕಿನ ಹಾಗಿದೆ ಎಂದು ಗೆಳೆಯರೊಡನೆ ನಕ್ಕಿದ್ದೆ. ಎದುರುಬದುರಾಗಿ ನಿಂತ ಸಂತ ಸೋಫಿಯಾ ನಿಜವಾಗಿ 11ನೇ ಶತಮಾನದ್ದು. ಅದರೊಳಗೆ ಆರು ಮೀಟರ್ ಎತ್ತರದ ಮಾತೆ ಮರಿಯಾ, ಗಾಜಿನ ಹರಳುಗಳಲ್ಲಿ ಕೂಡಿಸಿದ್ದು, ಎರಡೂ ಕೈ ಎತ್ತಿ ನಿಂತಿದ್ದಾಳೆ. ಅವಳಿರುವ ತನಕ ಊರಿಗೆ ಅಳಿವಿಲ್ಲ ಅನ್ನುತ್ತಾರೆ. ಮಿಖಾಯಿಲನದು 1108ರಲ್ಲಿ ಶುರುವಾದದ್ದೇನೋ ಹೌದು, ಆದರೆ ಸೋವಿಯತ್ ಸರ್ಕಾರ ಕಚೇರಿಗಳನ್ನು ಕಟ್ಟುತ್ತೇವೆಂದು 1937ರಲ್ಲಿ ಅದನ್ನು ಸಿಡಿಸಿಹಾಕಿತು. ಕೆಡವುವ ಕಾಗದಕ್ಕೆ ಸಹಿ ಹಾಕುವುದಿಲ್ಲ ಎಂದ ವಿದ್ವಾಂಸ ಮಿಕೋಲಾ ಮಕರೆಂಕೊನನ್ನು ಮೊದಲು ಗಡೀಪಾರು ಮಾಡಿ, 1938ರಲ್ಲಿ ಗುಂಡಿಟ್ಟು ಕೊಂದರು. ಗುಡಿ ಇದ್ದ ಜಾಗದಲ್ಲಿ ಕಚೇರಿ ಏಳಲೇ ಇಲ್ಲ. ಈಗಿರುವುದು 1999ರಲ್ಲಿ ಮುಗಿದ ಹೊಸ ಕಟ್ಟಡ. ಸಿಡಿಸುವ ಮುಂಚೆ ಕಳಚಿಟ್ಟ ಹಳೆಯ ಚಿತ್ರಗಳಲ್ಲಿ ಸಂತ ದಿಮಿತ್ರಿಯದು ಇವತ್ತಿಗೂ ಮಾಸ್ಕೋದಲ್ಲಿದೆ.

ಗಂಟೆ ನಿಂತಾಗ ಹೊತ್ತು ಐದರ ಹತ್ತಿರ. ಹೀಗೆ ಇಡೀ ಊರನ್ನು ಕರೆದದ್ದು 1240ರಲ್ಲಿ, ಮಂಗೋಲರು ಬಂದಾಗ, ಆಮೇಲೆ ಈಗಲೇ ಎಂದು ಬೆಳಗ್ಗೆ ಎಲ್ಲರ ಬಾಯಲ್ಲೂ ಒಂದೇ ಮಾತು. ಹದಿನೈದು ವರ್ಷವೂ ತುಂಬದ ಗುಡಿಗೆ ಎಂಟು ಶತಮಾನದ ನೆನಪು! ಕೇಕು ಎಂದು ನಕ್ಕಿದ್ದು ನೆನಪಾಗಿ ನಾಚಿಕೆಯಾಯಿತು. ಫೆಬ್ರವರಿಯಲ್ಲಿ ಅದೇ ಮಠದೊಳಗೆ ಗಾಯಾಳುಗಳಿಗೆ ಶಸ್ತ್ರಚಿಕಿತ್ಸೆ ನಡೆಯಿತು.

ಮನೆಗೆ ಮರಳಿದರೆ ಬಾಬುಸ್ಯಾ ಚಹಾ ಇಟ್ಟು ಕಾಯುತ್ತಿದ್ದಳು. ಗೋಡೆಯ ಮೇಲೆ ಚಿಕಾಗೋದಲ್ಲಿದ್ದ ಅವಳ ಚಿಕ್ಕಮ್ಮ ಕಳಿಸಿದ ಫೋಟೊ: ಅಲ್ಲಿನ ಸಂತ ನಿಕೊಲಾಸನ ಗುಡಿ. ಉಕ್ರೇನಿನಿಂದ ವಲಸೆ ಹೋದವರು ನೂರು ವರ್ಷದ ಹಿಂದೆ ಸೋಫಿಯಾವನ್ನೇ ಮಾದರಿಯಾಗಿಟ್ಟು ಹದಿಮೂರು ಗುಮ್ಮಟ ಕಟ್ಟಿದ್ದರು. ಹದಿನೆಂಟು ವರ್ಷ ಸೋವಿಯತ್ ಸೆರೆಯಲ್ಲಿದ್ದು ಬಂದ ಉಕ್ರೇನಿನ ಧರ್ಮಗುರು ಯೋಸಿಫ್ ಸ್ಲಿಪಿಯಂತೂ ರೋಮ್‌ನಲ್ಲೇ ಒಂದು ಸೋಫಿಯಾ ಎಬ್ಬಿಸಿದ. "ನಾವು ಇಲ್ಲಿ ಪಿಸುಗುಡುತ್ತಿದ್ದಾಗ ಅವರು ಅಲ್ಲಿ ಗಟ್ಟಿಯಾಗಿ ಹಾಡುತ್ತಿದ್ದರು" ಅಂದಳು ಬಾಬುಸ್ಯಾ. ಅವರ ಪೂಜೆಯಲ್ಲಿ ವಾದ್ಯವಿಲ್ಲ, ಬರೀ ಕೊರಳು.

ಅಜ್ಜಿ ಒಲೆ ಕೆದಕಿದಳು. "ಅಷ್ಟು ಹೊತ್ತು ಅಷ್ಟು ದೊಡ್ಡ ಗಂಟೆ ಹೆಂಗೆ ತೂಗಿದ್ರೋ?"

"ತೂಗಲ್ಲ ಅಜ್ಜಿ. ಗಂಟೆ ಅಲ್ಲಾಡೋದೇ ಇಲ್ಲ. ಅದರ ನಾಲಿಗೆಗೆ ಹಗ್ಗ ಕಟ್ಟಿ ಎಳೀತಾರೆ."

"ಯಾರು ಎಳೆದದ್ದು?"

"ಇವಾನ್ ಸಿದೋರ್ ಅಂತ. ನನ್ನ ಹಾಗೇ ಓದೋ ಹುಡುಗ."

ಅಜ್ಜಿ ಸುಮ್ಮನೆ ತನ್ನ ಅಂಗೈ ನೋಡಿಕೊಂಡಳು. ಬಾವಿ ಹಗ್ಗ ಎಳೆದೂ ಎಳೆದೂ ದಡ್ಡುಗಟ್ಟಿದ ಕೈ. "ಪಾಪ, ಬೊಬ್ಬೆ ಎದ್ದಿರ್ತದೆ" ಅಂದಳು.