ಆರ್ನೋಸ್ ವೇಲ್‌ನ ಛತ್ರಿ

ಮಕ್ಕಳನ್ನು ಸ್ಮಶಾನಕ್ಕೆ ಕರೆದುಕೊಂಡು ಹೋಗುವ ವಾಡಿಕೆ ನಮ್ಮಲ್ಲಿಲ್ಲ. ಇಂಗ್ಲೆಂಡಿನ ಬ್ರಿಸ್ಟಲ್ ನಗರದಲ್ಲಿರುವ ಮಗಳ ಮನೆಗೆ ಹೋಗಿದ್ದಾಗ ನನ್ನನ್ನೇ ಮೊಮ್ಮಗಳು ಆರ್ನೋಸ್ ವೇಲ್ ಸ್ಮಶಾನಕ್ಕೆ ಕರೆದೊಯ್ದಳು. "ಹೆದರಬೇಡ ಅಜ್ಜಿ, ಅದು ಪಾರ್ಕ್ ಇದ್ದ ಹಾಗೇ ಇದೆ" ಎಂದಳು.

ಅವಳು ಹೇಳಿದ್ದು ನಿಜ. 45 ಎಕರೆಯ ಗುಡ್ಡ, ಬಳಸಿ ಹತ್ತುವ ಕಾಲುದಾರಿಗಳು, ದೊಡ್ಡ ದೊಡ್ಡ ಮರಗಳು, ಬಳ್ಳಿ ಹಬ್ಬಿದ ಸಮಾಧಿಗಳು. ಬಾಗಿಲಲ್ಲಿರುವ ಕಟ್ಟಡಗಳು ಗ್ರೀಕ್ ಗುಡಿಗಳಂತಿವೆ.

ಮೊದಲು ಅಲ್ಲಿ ಸತ್ತವರನ್ನು ಊರೊಳಗಿನ ಚರ್ಚಿನ ಅಂಗಳದಲ್ಲೇ ಹೂಳುತ್ತಿದ್ದರು. ಜನ ಹೆಚ್ಚಿದಂತೆ ಜಾಗ ಸಾಲದಾಯಿತು, ರೋಗದ ಭಯವೂ ಹುಟ್ಟಿತು. ಆಗ ಊರಾಚೆ ತೋಟದಂಥ ಸ್ಮಶಾನಗಳನ್ನು ಮಾಡತೊಡಗಿದರು. ಆರ್ನೋಸ್ ವೇಲ್‌ಗೆ 1837ರಲ್ಲಿ ಪಾರ್ಲಿಮೆಂಟಿನ ಒಪ್ಪಿಗೆ ಸಿಕ್ಕಿ, 1839ರಲ್ಲಿ ಅದು ತೆರೆಯಿತು. ಚಾರ್ಲ್ಸ್ ಅಂಡರ್‌ವುಡ್ ಎಂಬ ವಾಸ್ತುಶಿಲ್ಪಿ ಅಲ್ಲಿ ಎರಡು ಪ್ರಾರ್ಥನಾಮಂದಿರಗಳನ್ನು ಕಟ್ಟಿದರು. ಒಂದು ಇಂಗ್ಲೆಂಡಿನ ಅಧಿಕೃತ ಚರ್ಚಿನವರಿಗೆ, ಇನ್ನೊಂದು ಉಳಿದ ಪಂಥಗಳ ಕ್ರೈಸ್ತರಿಗೆ. ಈಗ ಊರು ಬೆಳೆದು ಗುಡ್ಡವನ್ನು ಸುತ್ತುವರಿದಿದೆ.

ಅಷ್ಟೆಲ್ಲ ಶಿಲುಬೆಗಳ ನಡುವೆ ನಮ್ಮ ದೇಶದ್ದೇ ಒಂದು ಮಂಟಪ! ಕಂಬಗಳ ಮೇಲೆ ನಿಂತ ಕಲ್ಲಿನ ಛತ್ರಿ. "ಛತ್ರಿ ಅಂದ್ರೆ ಕೊಡೆ ಅಲ್ವಾ?" ಎಂದಳು ಮೊಮ್ಮಗಳು. ಅದರ ನೆರಳಲ್ಲಿ ಮಲಗಿರುವವರು ರಾಜಾ ರಾಮಮೋಹನ ರಾಯ್.

ಅವಳಿಗೆ ನಮ್ಮೂರ ಮಾಸ್ತಿಕಲ್ಲಿನ ಕಥೆ ಹೇಳಿದೆ. ಬಳೆ ತೊಟ್ಟು ಮೇಲೆತ್ತಿದ ಒಂದು ಕೈ ಆ ಕಲ್ಲಿನ ಮೇಲಿದೆ. ಗಂಡನ ಚಿತೆಯೇರಿದ ಹೆಣ್ಣಿನ ನೆನಪಿಗೆ ನಿಲ್ಲಿಸಿದ್ದು. ಅವಳ ಹೆಸರು ಈಗ ಯಾರಿಗೂ ಗೊತ್ತಿಲ್ಲ. ಅಂಥ ಸಾವು ಇನ್ನು ಬೇಡವೆಂದು ಹೋರಾಡಿದವರು ರಾಯ್. 1829ರಲ್ಲಿ ಬಂಗಾಳದಲ್ಲಿ ಸತಿಪದ್ಧತಿಗೆ ನಿಷೇಧ ಬಿತ್ತು. ಅದನ್ನು ರದ್ದುಮಾಡಿಸಲು ಕೆಲವರು ಲಂಡನ್ನಿಗೆ ಮೇಲ್ಮನವಿ ಕಳಿಸಿದರು. ಸಮುದ್ರ ದಾಟಿದರೆ ಜಾತಿ ಕೆಡುತ್ತದೆ ಎನ್ನುತ್ತಿದ್ದ ಕಾಲದಲ್ಲಿ ರಾಯ್ ಹಡಗು ಹತ್ತಿ, 1831ರಲ್ಲಿ ಇಂಗ್ಲೆಂಡ್ ತಲುಪಿ, ನಿಷೇಧದ ಪರ ವಾದಿಸಿದರು. 1832ರಲ್ಲಿ ಆ ಮೇಲ್ಮನವಿ ಬಿದ್ದುಹೋಯಿತು. ಮರುವರ್ಷ ಸೆಪ್ಟೆಂಬರ್ 27ರಂದು, ಬ್ರಿಸ್ಟಲ್‌ನಲ್ಲಿ ಜ್ವರದಿಂದ ಅವರು ತೀರಿಕೊಂಡರು. ತಾವು ಉಳಿದುಕೊಂಡಿದ್ದ ಮನೆಯ ತೋಟದಲ್ಲೇ ಅವರಿಗೆ ಸಮಾಧಿಯಾಯಿತು. 1843ರಲ್ಲಿ ಅವರ ಗೆಳೆಯ ದ್ವಾರಕಾನಾಥ ಟ್ಯಾಗೋರ್, ರವೀಂದ್ರರ ಅಜ್ಜ, ಅವರನ್ನು ಇಲ್ಲಿಗೆ ತಂದು ಈ ಛತ್ರಿ ಕಟ್ಟಿಸಿದರು.

ಇದೇ ಗುಡ್ಡದಲ್ಲಿ ಮೇರಿ ಕಾರ್ಪೆಂಟರ್ ಸಮಾಧಿಯೂ ಇದೆ. ರಾಯ್ ಅವರನ್ನು ಬ್ರಿಸ್ಟಲ್‌ನಲ್ಲಿ ಕಂಡು, ಅವರಿಂದ ಪ್ರೇರಣೆ ಪಡೆದಾಕೆ. ಬಡಮಕ್ಕಳಿಗೆ ಶಾಲೆ ತೆರೆದರು. ನಾಲ್ಕು ಸಲ ಭಾರತಕ್ಕೆ ಬಂದು, ಹೆಣ್ಣುಮಕ್ಕಳ ಶಿಕ್ಷಣಕ್ಕಾಗಿ ಓಡಾಡಿದರು.

ಇಂಥ ಜಾಗವೂ ಕೈತಪ್ಪುವುದರಲ್ಲಿತ್ತು. 1987ರಲ್ಲಿ ಆಗಿನ ಮಾಲೀಕರು ಇದರ ಒಂದು ಭಾಗದಲ್ಲಿ ಕಟ್ಟಡ ಕಟ್ಟಲು ಹೊರಟರು. ಊರಿನವರು ಸಂಘ ಕಟ್ಟಿ ಎದುರು ನಿಂತರು. ಗೇಟು ಮುಚ್ಚುವ ದಿನ ಬಂದಾಗಲೂ ಬಿಡಲಿಲ್ಲ. ಸ್ವಯಂಸೇವಕರೇ ಸರದಿಯ ಮೇಲೆ ಕಾವಲು ಕಾದು, ಕಳೆ ಕಿತ್ತು, ಅದನ್ನು ತೆರೆದಿಟ್ಟರು. 2003ರಲ್ಲಿ ನಗರಸಭೆ ಅದನ್ನು ತನ್ನ ವಶಕ್ಕೆ ತೆಗೆದುಕೊಂಡಿತು.

ಪ್ರತಿ ಸೆಪ್ಟೆಂಬರಿನಲ್ಲಿ ಛತ್ರಿಯ ಬಳಿ ಜನ ಸೇರಿ ರಾಯ್ ಅವರನ್ನು ನೆನೆಯುತ್ತಾರೆ.

ಮಕ್ಕಳೇ, ನಿಮ್ಮೂರಲ್ಲೂ ಹೊಲದ ಬದುವಿನಲ್ಲೋ, ಕೆರೆ ಏರಿಯ ಮೇಲೋ ಒಂದು ಕಲ್ಲು ಇದ್ದೀತು. ಯಾರದ್ದು ಎಂದು ಅಜ್ಜ ಅಜ್ಜಿಯರನ್ನು ಕೇಳಿ. ಕೇಳುವವರು ಇರುವವರೆಗೆ ಕಲ್ಲು ಮಾತಾಡುತ್ತದೆ.